ಹಳೇ ಬೈಕಿನ ಹೆಸರು ಬದಲಾವಣೆಗೆ ತಾಲ್ಲೂಕಿನಲ್ಲೇ ಶಿಬಿರ ನಡೆಸಿ

ಮಾನ್ಯ ಸಂಪಾದಕರೇ,

ಶಹಾಪುರದಲ್ಲಿ 18 ವರ್ಷಗಳಿಂದ ಬೈಕ್ ಗ್ಯಾರೇಜ್ ನಡೆಸುತ್ತಿದ್ದೇನೆ. 2025ರ ಸೆಪ್ಟೆಂಬರ್ 22ರಿಂದ 350 ಸಿಸಿವರೆಗಿನ ಬೈಕ್‌, ಸ್ಕೂಟರ್‌ಗಳ ಜಿಎಸ್‌ಟಿ ಶೇ 28ರಿಂದ 18ಕ್ಕೆ ಇಳಿದದ್ದು ಒಳ್ಳೆಯದೇ ಆಯಿತು. ಆದರೂ ತೊಗರಿ ರಾಶಿ ಮುಗಿದು ಕೈಗೆ ನಾಲ್ಕು ಕಾಸು ಬಂದಾಗ ನಮ್ಮ ಸಣ್ಣ ರೈತರು, ಗೌಂಡಿಗಳು ಹುಡುಕುವುದು ಹಳೇ ಗಾಡಿಯನ್ನೇ. ಸ್ಪ್ಲೆಂಡರ್ ಸಿಕ್ಕರೆ ಚೌಕಾಸಿಯನ್ನೂ ಮಾಡುವುದಿಲ್ಲ; ಅದರ ಬಿಡಿಭಾಗ ಹಳ್ಳಿಯಲ್ಲೂ ಸಿಗುತ್ತದೆ.

ಹೋದ ತಿಂಗಳು ರಿಪೇರಿಗೆ ಬಂದ ಒಂದು ಗಾಡಿ ಮೂವರ ಕೈ ದಾಟಿತ್ತು. ಚೈನ್ ತಿರುಗಿಸುವ ಸ್ಪ್ರಾಕೆಟ್ ಚಕ್ರದ ಹಲ್ಲುಗಳು ಸವೆದು ಮುಳ್ಳಿನಂತಾಗಿದ್ದವು, ವಿಮೆ ಇರಲಿಲ್ಲ, ಆರ್‌ಸಿ ಮೊದಲ ಮಾಲೀಕರ ಹೆಸರಿನಲ್ಲೇ ಇತ್ತು. ನಾನೂ ಹಿಂದೆ ನನ್ನ ಬೈಕನ್ನು ಮಧ್ಯವರ್ತಿಯೊಬ್ಬರ ಮಾತು ನಂಬಿ ಮಾರಿದ್ದೆ. ಅವರು ಹೆಸರು ಬದಲಿಸಲಿಲ್ಲ. ದಂಡದ ನೋಟಿಸ್ ನನ್ನ ಮನೆಗೆ ಬಂತು. ಮಾರಿದವರು 14 ದಿನಗಳೊಳಗೆ ಆರ್‌ಟಿಒಗೆ ತಿಳಿಸಬೇಕೆಂದು ನನಗೆ ಆಗಲೇ ಗೊತ್ತಾದದ್ದು.

ಕೂಲಿ ಬಿಟ್ಟು ಯಾದಗಿರಿಯ ಆರ್‌ಟಿಒ ಕಚೇರಿಗೆ ಅಲೆಯುವುದು ಬಡವರಿಗೆ ಕಷ್ಟ. ಸಾರಿಗೆ ಇಲಾಖೆಯವರು ರಾಶಿಯ ಹಂಗಾಮಿನಲ್ಲಿ ಶಹಾಪುರ, ಸುರಪುರಗಳಲ್ಲಿ ಎರಡು ದಿನ ಕೂತು, ಮಾಲೀಕತ್ವ ವರ್ಗಾವಣೆಯ ಅರ್ಜಿಗಳಾದ ನಮೂನೆ 29, 30 ತುಂಬಿಸಿಕೊಂಡು ಹೆಸರು ಬದಲಿಸಿಕೊಡಲಿ.

– ಒಬ್ಬ ಮೆಕ್ಯಾನಿಕ್, ಶಹಾಪುರ, ಯಾದಗಿರಿ ಜಿಲ್ಲೆ