ಮಾವನಿಗೆ, ಕತ್ತರಿಸಿದ ಹಾಡುಗಳ ಬಗ್ಗೆ

ಜರ್ಸಿ ಸಿಟಿ
ಭಾನುವಾರ ಮಧ್ಯಾಹ್ನ

ಪ್ರೀತಿಯ ಮಾವನಿಗೆ ನಿಮ್ಮ ಪುಟ್ಟಿ ಮಾಡುವ ನಮಸ್ಕಾರಗಳು.

ನಾನಿಲ್ಲಿ ಚೆನ್ನಾಗಿದ್ದೇನೆ. ನೀವು, ಅತ್ತೆ ಆರಾಮ ತಾನೆ? ಫೋನಿನಲ್ಲಿ ನಿಮಗೆ ಅರ್ಧ ಕೇಳಿಸುವುದಿಲ್ಲ, ನನಗೆ ಕೂಗಿ ಕೂಗಿ ಗಂಟಲು ಕಟ್ಟುತ್ತದೆ. ಅದಕ್ಕೇ ಈ ಕಾಗದ. ಕಣ್ಣಿನ ಆಪರೇಷನ್ ಆದ ಮೇಲೆ ದಿನಾ ಪೇಪರ್ ಓದುತ್ತೀರಂತೆ, ಅಮ್ಮ ಹೇಳಿದಳು. ಹಾಗಾದರೆ ಇದನ್ನೂ ನೀವೇ ಓದಬೇಕು. ಅತ್ತೆ ಕೈಯಲ್ಲಿ ಓದಿಸಬೇಡಿ, ಅವರು ಮಧ್ಯದ ಸಾಲು ಹಾರಿಸುತ್ತಾರೆ.

ಹೋದ ತಿಂಗಳು ಆಫೀಸಿನವರೆಲ್ಲ ಸೇರಿ ನ್ಯೂಯಾರ್ಕಿನಲ್ಲಿ ಒಂದು ನಾಟಕಕ್ಕೆ ಹೋಗಿದ್ದೆವು. ಬ್ರಾಡ್‌ವೇ ಅಂತಾರಲ್ಲ, ಅಲ್ಲಿ, 47ನೇ ಬೀದಿಯಲ್ಲಿ. 1926ರಲ್ಲಿ ಕಟ್ಟಿದ ಹಳೇ ಥಿಯೇಟರ್. ಇಂಗ್ಲೆಂಡಿನ ಒಬ್ಬ ರಾಜನ ಆರು ಹೆಂಡತಿಯರ ಕಥೆ. ಹಾಡು, ಕುಣಿತ, ಬಣ್ಣ ಬಣ್ಣದ ಲೈಟು, ಕಿವಿ ಗುಂಯ್‌ಗುಟ್ಟುವಷ್ಟು ಸದ್ದು. ಚೆನ್ನಾಗಿತ್ತು, ಆದರೆ ನಾನು ಬರೆಯಲು ಹೊರಟಿದ್ದು ಅದರ ಬಗ್ಗೆ ಅಲ್ಲ. ಹೊರಗೆ ಬಂದಾಗ ತಲೆಯ ಮೇಲೆ ಥಿಯೇಟರಿನ ಹೆಸರು ಹೊಳೆಯುತ್ತಿತ್ತು: ಲೀನಾ ಹಾರ್ನ್. ಯಾರಪ್ಪ ಇದು ಅಂದುಕೊಂಡೆ. ನಮ್ಮ ಕಟ್ಟಡದಲ್ಲಿ ಕೆಳಗಿನ ಮನೆಯಲ್ಲಿ ಕಪ್ಪು ಅಜ್ಜಿಯೊಬ್ಬರಿದ್ದಾರೆ. ಎಂಬತ್ತೆಂಟು ವಯಸ್ಸು, ಮಕ್ಕಳು ದೂರ. ಮಾರನೇ ದಿನ ಅವರ ಸಾಮಾನಿನ ಚೀಲ ಮೇಲೆ ತಂದುಕೊಡುವಾಗ ಸುಮ್ನೆ ಕೇಳಿದೆ. ಚೀಲ ಅಲ್ಲೇ ಬಾಗಿಲಲ್ಲಿ ಉಳಿಯಿತು. ಒಂದೂವರೆ ಗಂಟೆ ಕೂರಿಸಿಕೊಂಡು ಹೇಳಿದರು. ಕೇಳುತ್ತಾ ಕೇಳುತ್ತಾ ನನಗೆ ನೆನಪಾಗಿದ್ದು ನೀವು, ಮಾವ. ಟೆಂಟ್ ಸಿನಿಮಾದ ನಿಮ್ಮ ಪ್ರೊಜೆಕ್ಟರ್ ಕ್ಯಾಬಿನ್ನು, ನಿಮ್ಮ ಬ್ಲೇಡು.

ಟೆಂಟಿನಲ್ಲಿ ಎರಡನೇ ಆಟ ತಡವಾದರೆ ನೀವು ರೀಲಿನಿಂದ ಒಂದು ಹಾಡು ಎತ್ತಿಬಿಡುತ್ತಿದ್ದಿರಿ ಅಲ್ವಾ? ಮಧ್ಯೆ ಕರೆಂಟು ಹೋದ ದಿನ, ಮಳೆ ಬಂದ ದಿನ. ಫಿಲಂ ಕತ್ತರಿಸಿ, ಅಂಚನ್ನು ಬ್ಲೇಡಿನಲ್ಲಿ ಕೆರೆದು, ಫಿಲಂ ಅಂಟಿಸುವ ಸಿಮೆಂಟ್ ಒಂದು ತೊಟ್ಟು ಹಚ್ಚಿ, ಉಗುರಿನಲ್ಲಿ ಒತ್ತಿ ಹಿಡಿಯುತ್ತಿದ್ದಿರಿ. ಬಾಯಲ್ಲಿ ಎಣಿಸುತ್ತಿದ್ದಿರಿ, ಹತ್ತರ ತನಕ. ಆ ಸಿಮೆಂಟಿನ ಘಾಟು ನನಗೆ ಈಗಲೂ ಮೂಗಿನಲ್ಲಿದೆ. ಹಾಡು ಹಾರಿದ್ದು ಗೊತ್ತಾದ ಕೂಡಲೇ ನೆಲದವರು ಶಿಳ್ಳೆ ಹೊಡೆದು ಗಲಾಟೆ ಮಾಡುತ್ತಿದ್ದರು. ಒಂದು ಸಲ ಕ್ಯಾಬಿನ್ನಿಗೇ ಚಪ್ಪಲಿ ಬಂದು ಬಿದ್ದಿತ್ತು.

ಈ ಲೀನಾ ಹಾರ್ನ್ ಕಪ್ಪು ಹಾಡುಗಾರ್ತಿ, ಸಿನಿಮಾ ನಟಿ. ಸಿನಿಮಾಗಳಿಂದ ಆಕೆಯ ಹಾಡುಗಳನ್ನೂ ಹಾಗೇ ಎತ್ತುತ್ತಿದ್ದರಂತೆ. ಆದರೆ ಒಂದು ಚಪ್ಪಲಿಯೂ ಬೀಳುತ್ತಿರಲಿಲ್ಲ. ಯಾಕೆಂದರೆ ಎತ್ತಿದ್ದು ಯಾರಿಗೂ ಗೊತ್ತೇ ಆಗುತ್ತಿರಲಿಲ್ಲ. ಗೊತ್ತಾಗದ ಹಾಗೆಯೇ ಶೂಟಿಂಗ್ ಮಾಡಿದ್ದರು.

ಮೊದಲಿಂದ ಹೇಳುತ್ತೇನೆ. ಹುಟ್ಟಿದ್ದು 1917ರಲ್ಲಿ, ಇಲ್ಲೇ ಹೊಳೆಯಾಚೆ ಬ್ರೂಕ್ಲಿನ್ನಿನಲ್ಲಿ. ಅಪ್ಪ ಅಮ್ಮ ಬೇರೆಯಾದರು. ಸಾಕಿದ್ದು ಅಜ್ಜಿ, ಅಪ್ಪನ ತಾಯಿ. ಆ ಅಜ್ಜಿ ಕಪ್ಪು ಜನರ ಹಕ್ಕಿಗಾಗಿ ಹೋರಾಡುವ ಗಟ್ಟಿ ಹೆಂಗಸು. ಎರಡು ವರ್ಷದ ಮೊಮ್ಮಗಳನ್ನೂ ತಮ್ಮ ಸಂಘಕ್ಕೆ ಸೇರಿಸಿದ್ದರು. ಅಮ್ಮ ನಾಟಕದವರು, ಊರೂರು ತಿರುಗುತ್ತಿದ್ದವರು. ಹದಿನಾರಕ್ಕೇ ಹುಡುಗಿ ನ್ಯೂಯಾರ್ಕಿನ ಹಾರ್ಲೆಮ್ಮಿನ ಕಾಟನ್ ಕ್ಲಬ್‌ನಲ್ಲಿ ಕುಣಿಯಲು ನಿಂತಳು. ಅಲ್ಲಿ ವೇದಿಕೆಯ ಮೇಲಿದ್ದವರೆಲ್ಲ ಕಪ್ಪು ಜನ, ಕೆಳಗೆ ಕೂತು ನೋಡುವವರು ಬಿಳಿಯರು. ಕೂತು ನೋಡಲು ಕಪ್ಪು ಜನಕ್ಕೆ ಬಾಗಿಲಿಲ್ಲ.

1942ರಲ್ಲಿ ಎಂಜಿಎಂ ಕಂಪನಿ ಕರೆಯಿತು. ಆಗ ಅದಕ್ಕಿಂತ ದೊಡ್ಡ ಸ್ಟುಡಿಯೋ ಇರಲಿಲ್ಲ, ಸಿಂಹ ಗರ್ಜಿಸುತ್ತದಲ್ಲ ಅದೇ. ಆ ಕಾಲದಲ್ಲಿ ಕಪ್ಪು ನಟಿ ಎಂದರೆ ಮನೆಗೆಲಸದವಳ ಪಾತ್ರ, ಇಲ್ಲದಿದ್ದರೆ ಕಾಡಿನವಳ ಪಾತ್ರ. ಲೀನಾ ಅವರ ಅಪ್ಪ ಕಂಪನಿಯ ದೊರೆ ಲೂಯಿ ಮೇಯರ್ ಎದುರಿಗೆ ಹೋಗಿ ಕೂತು, ನನ್ನ ಮಗಳಿಗೆ ಕೆಲಸದವಳನ್ನು ಇಡುವ ಶಕ್ತಿ ನನಗಿದೆ, ಅವಳೇ ಯಾಕೆ ಕೆಲಸದವಳಾಗಬೇಕು ಅಂದರಂತೆ. ಈ ಅಪ್ಪ ನನಗೆ ತುಂಬಾ ಇಷ್ಟವಾದ.

ಕಂಪನಿ ಒಪ್ಪಿತು. ಸೌಟು, ಪೊರಕೆ ಕೈಗೆ ಕೊಡಲಿಲ್ಲ. ಆದರೆ ಬೇರೆ ಏನನ್ನೂ ಕೊಡಲಿಲ್ಲ. ಒಳ್ಳೆ ಗೌನು ಹಾಕಿಸಿ, ಒಂದು ಕಂಬದ ಪಕ್ಕ ನಿಲ್ಲಿಸಿ, ಹಾಡು ಅಂದರು. ಹಾಡು ಮುಗಿದರೆ ಆಕೆಯ ಕೆಲಸ ಮುಗಿಯಿತು. ಹೀರೋ ಜೊತೆ ಒಂದು ಮಾತಿಲ್ಲ, ಹೀರೋಯಿನ್ ಪಕ್ಕ ನಿಲ್ಲುವಂತಿಲ್ಲ, ಕಥೆಯಲ್ಲಿ ಹೆಸರೂ ಇಲ್ಲ. ‘ಪನಾಮಾ ಹ್ಯಾಟಿ’ ಇಂದ ಹಿಡಿದು ಸಿನಿಮಾ ಆದ ಮೇಲೆ ಸಿನಿಮಾ ಇದೇ ಕಥೆ. ಕಂಬಕ್ಕೆ ಪಿನ್ ಚುಚ್ಚಿ ಸಿಕ್ಕಿಸಿದ ಚಿಟ್ಟೆಯ ಹಾಗಿದ್ದೆ ಅಂತ ಆಕೆಯೇ ಆಮೇಲೆ ಹೇಳಿಕೊಂಡಿದ್ದಾರೆ.

ಯಾಕೆ ಹೀಗೆ ಅಂದರೆ, ಇಲ್ಲಿನ ದಕ್ಷಿಣದ ರಾಜ್ಯಗಳಿಗೆ ಹೋಗುವ ರೀಲುಗಳಲ್ಲಿ ಆಕೆ ಇರುವ ತುಂಡನ್ನು ತೆಗೆದುಬಿಡಬೇಕಿತ್ತು. ಕಪ್ಪು ಹೆಂಗಸೊಬ್ಬಳು ಕೆಲಸದವಳಾಗದೆ, ಪರದೆಯ ಮೇಲೆ ರಾಣಿಯ ಹಾಗೆ ನಿಂತು ಹಾಡುವುದನ್ನು ಅಲ್ಲಿನ ಬಿಳಿಯರು ಸಹಿಸುತ್ತಿರಲಿಲ್ಲ. ಮೆಂಫಿಸ್ ಊರಿನ ಸೆನ್ಸಾರ್ ಮಂಡಳಿಗೆ ಲಾಯ್ಡ್ ಬಿನ್‌ಫರ್ಡ್ ಎಂಬ ಮುದುಕ ಯಜಮಾನ. ಲೀನಾ ಕಂಡರೆ ಕತ್ತರಿ ಸಿದ್ಧ.

ನಿಮಗೆ ಇದು ನನಗಿಂತ ಚೆನ್ನಾಗಿ ಅರ್ಥವಾಗುತ್ತದೆ. ಮೂರು ನಿಮಿಷದ ಹಾಡು ಅಂದರೆ 270 ಅಡಿ ಫಿಲಂ, ನಿಮಿಷಕ್ಕೆ 90 ಅಡಿ ಅಂತ ನೀವೇ ಕಲಿಸಿದ್ದು. ಮಾತಿನ ಮಧ್ಯೆ ಕತ್ತರಿಸಿದರೆ ಸಿಕ್ಕಿಬೀಳುತ್ತೇವೆ, ಸೌಂಡು ಚಿತ್ರಕ್ಕಿಂತ ಇಪ್ಪತ್ತು ಫ್ರೇಮ್ ಮುಂದೆ ಇರುತ್ತದೆ, ಟಪ್ ಅಂತ ಎಗರುತ್ತದೆ ಅಂತಿದ್ದಿರಿ. ಲೀನಾ ಹಾಡಿಗೆ ಆ ತಾಪತ್ರಯವೇ ಇಲ್ಲ. ಕ್ಲಬ್ಬಿನಲ್ಲಿ ವಾದ್ಯ ಶುರು, ಹಾಡು, ಚಪ್ಪಾಳೆ, ಮುಗಿಯಿತು. ಈ ತುದಿ ಆ ತುದಿ ಅಂಟಿಸಿದರೆ ಗಂಟೇ ಕಾಣುವುದಿಲ್ಲ. ನೀವು ಹಾಡು ಕತ್ತರಿಸಿದ್ದು ಕೊನೇ ಬಸ್ಸಿಗೆ ಜನ ಹೋಗಲಿ ಅಂತ. ಇವರು ಕತ್ತರಿಯ ಜಾಗ ನೋಡಿಕೊಂಡು, ಆಮೇಲೆ ಅಲ್ಲಿ ಆಕೆಯನ್ನು ನಿಲ್ಲಿಸಿದ್ದರು.

ಕೆಳಗಿನ ಮನೆ ಅಜ್ಜಿ ಬೆಳೆದದ್ದು ಮೆಂಫಿಸ್ ಹತ್ತಿರ. ಚಿಕ್ಕವರಿದ್ದಾಗ ಅವರ ಚಿಕ್ಕಮ್ಮ, ಲೀನಾ ಹಾಡ್ತಾಳೆ ಬಾ ಅಂತ ಕರೆದುಕೊಂಡು ಹೋದರಂತೆ. ಇಸ್ತ್ರಿ ಮಾಡಿದ ಫ್ರಾಕು, ತಲೆಗೆ ರಿಬ್ಬನ್ನು. ಕೂತರು, ಸಿನಿಮಾ ಓಡಿತು, ಲೈಟು ಬಂತು. ಲೀನಾ ಎಲ್ಲಿ ಅಂತ ಕೇಳಿದ್ದಕ್ಕೆ ಚಿಕ್ಕಮ್ಮ ಮಾತಾಡಲಿಲ್ಲ. ಯಾವ ಸಿನಿಮಾ ಅಂತ ಅಜ್ಜಿಗೆ ನೆನಪಿಲ್ಲ, ರಿಬ್ಬನ್ನಿನ ಬಣ್ಣ ನೆನಪಿದೆ.

1943ರಲ್ಲಿ ಎರಡು ಸಿನಿಮಾದಲ್ಲಿ ಮಾತ್ರ ಆಕೆಗೆ ನಿಜವಾದ ಪಾತ್ರ ಸಿಕ್ಕಿತು. ‘ಕ್ಯಾಬಿನ್ ಇನ್ ದ ಸ್ಕೈ’ ಮತ್ತು ‘ಸ್ಟಾರ್ಮಿ ವೆದರ್’. ಎರಡರಲ್ಲೂ ಪಾತ್ರಧಾರಿಗಳೆಲ್ಲ ಕಪ್ಪು ಜನ, ಹಾಗಾಗಿ ಕತ್ತರಿಸಲು ಏನೂ ಉಳಿದಿರಲಿಲ್ಲ! ಎರಡನೆಯದನ್ನು ಅಜ್ಜಿ ಜೊತೆ ಕೂತು ನೋಡಿದೆ. ಕಥೆ ಅಷ್ಟಕ್ಕಷ್ಟೆ. ಹೀರೋ ಬಿಲ್ ರಾಬಿನ್ಸನ್ ಕುಣಿತದಲ್ಲಿ ಮಹಾ ಗಟ್ಟಿಗ, ಆದರೆ ಅರವತ್ತು ದಾಟಿದವರು, ಲೀನಾಗೆ ಇಪ್ಪತ್ತೈದು. ನೀವು ನೋಡಿದ್ದರೆ ನಗುತ್ತಿದ್ದಿರಿ, ನಮ್ಮಲ್ಲೂ ಇದೇನು ಕಮ್ಮಿಯೇ ಅಂತ. ಕೊನೆಯ ಕಡೆ ಸಿನಿಮಾದ ಹೆಸರಿನದೇ ಹಾಡು. ಹೊರಗೆ ಮಳೆ, ಗಾಳಿ. ಲೀನಾ ಕಿಟಕಿಯ ಬಳಿ ನಿಂತಿದ್ದಾರೆ. ಕೈ ಬೀಸುವುದಿಲ್ಲ, ಕಣ್ಣೀರು ಸುರಿಸುವುದಿಲ್ಲ. ಬಾಯಿ ಸ್ವಲ್ಪ ಜಾಸ್ತಿಯೇ ತೆರೆದು, ಒಂದೊಂದು ಶಬ್ದವನ್ನೂ ಹಲ್ಲಿನಲ್ಲಿ ಕಚ್ಚಿ ಬಿಡುವ ಹಾಗೆ ಹಾಡುತ್ತಾರೆ. ದುಃಖದ ಹಾಡು, ಆದರೆ ನನಗೆ ಅದರ ಅಡಿಯಲ್ಲಿ ಸಿಟ್ಟು ಕೇಳಿಸಿತು. ಅಜ್ಜಿ ಹಾಡಿನ ಜೊತೆ ಬರೀ ತುಟಿ ಆಡಿಸುತ್ತಿದ್ದರು.

ಯುದ್ಧದ ಕಾಲದಲ್ಲಿ ಸೈನಿಕರ ಮುಂದೆ ಹಾಡಲು ಕಳಿಸುತ್ತಿದ್ದರು. ಅರ್ಕನ್ಸಾ ರಾಜ್ಯದ ಒಂದು ಶಿಬಿರದಲ್ಲಿ ನೋಡಿದರೆ ಮುಂದಿನ ಸಾಲಿನಲ್ಲಿ ಸೆರೆ ಸಿಕ್ಕ ಜರ್ಮನ್ನರು, ಅವರ ಹಿಂದೆ ಅಮೆರಿಕದವರೇ ಆದ ಕಪ್ಪು ಸೈನಿಕರು. ಲೀನಾ ವೇದಿಕೆಯಿಂದ ಇಳಿದು ಹಿಂದಕ್ಕೆ ನಡೆದುಹೋಗಿ, ಜರ್ಮನ್ನರಿಗೆ ಬೆನ್ನು ಹಾಕಿ ತಮ್ಮವರಿಗೆ ಹಾಡಿದರು.

ಇನ್ನೊಂದನ್ನು ಕೇಳಿ, ಇದು ನನಗೆ ಅತೀ ಬೇಜಾರಾದ ವಿಷಯ. ‘ಶೋ ಬೋಟ್’ ಅಂತ ಹೆಸರಾದ ನಾಟಕ. ಅದರಲ್ಲಿ ಜೂಲಿ ಎಂಬ ಹಾಡುಗಾರ್ತಿ. ಅವಳದು ಬೆರಕೆ ರಕ್ತ, ಗಂಡ ಬಿಳಿಯ. 1946ರಲ್ಲಿ ಬೇರೊಂದು ಸಿನಿಮಾದಲ್ಲಿ ಈ ನಾಟಕದ ತುಣುಕನ್ನು ತೋರಿಸಿದಾಗ ಜೂಲಿಯಾಗಿ ಹಾಡಿದ್ದು ಲೀನಾ. 1951ರಲ್ಲಿ ಎಂಜಿಎಂ ಪೂರ್ತಿ ನಾಟಕವನ್ನೇ ಸಿನಿಮಾ ಮಾಡಿತು. ಪಾತ್ರ ಹೋಗಿದ್ದು ಏವಾ ಗಾರ್ಡ್ನರ್‌ಗೆ. ಏವಾ ಬಿಳಿ ಹೆಂಗಸು, ಲೀನಾ ಅವರ ಗೆಳತಿಯೇ. ಕಪ್ಪು–ಬಿಳಿ ಗಂಡಹೆಂಡಿರನ್ನು ಪರದೆಯ ಮೇಲೆ ತೋರಿಸಬಾರದು ಅಂತ ಆಗಿನ ಸಿನಿಮಾ ನಿಯಮಗಳಲ್ಲಿತ್ತು. ಕಪ್ಪು ಹೆಂಗಸಿನ ವೇಷ ಹಾಕಿದ ಬಿಳಿಯಳಾದರೆ ಪರವಾಗಿಲ್ಲ! ಏವಾಗೆ ಹಾಡಲು ಬೇರೆಯವರ ದನಿ ಅಂಟಿಸಿದರು, ಆನೆಟ್ ವಾರನ್ ಅಂತ. ನಮಗೆ ಹಿನ್ನೆಲೆ ಗಾಯನ ಹೊಸದಲ್ಲ ಬಿಡಿ. ಆದರೆ ಬಣ್ಣವೂ ದನಿಯೂ ಎರಡೂ ಇದ್ದವರು ಮನೆಯಲ್ಲಿ ಕೂತಿರುವಾಗ? ಎಂಜಿಎಂ ಸೇರಿದ ಹೊಸತರಲ್ಲಿ ಲೀನಾ ಮುಖ ಸಾಕಷ್ಟು ಕಪ್ಪಾಗಿ ಕಾಣಲಿ ಅಂತ ಮ್ಯಾಕ್ಸ್ ಫ್ಯಾಕ್ಟರ್ ಎಂಬ ಮೇಕಪ್ ಕಂಪನಿಯಿಂದ ‘ಲೈಟ್ ಈಜಿಪ್ಷಿಯನ್’ ಎಂಬ ಬಣ್ಣ ಮಾಡಿಸಿದ್ದರು. ಅದೇ ಬಣ್ಣ ಆಮೇಲೆ ಬಿಳಿ ನಟಿಯರ ಮುಖಕ್ಕೆ ಬಳಿದು ನನ್ನ ಪಾತ್ರಗಳನ್ನು ಅವರಿಗೆ ಕೊಟ್ಟರು ಅಂತ ಲೀನಾ ಹೇಳುತ್ತಿದ್ದರು.

ಆಮೇಲೆ ಸಿನಿಮಾ ಕಮ್ಮಿ. ಕಮ್ಯುನಿಸ್ಟರ ಸಹವಾಸ ಅಂತ ಕಪ್ಪುಪಟ್ಟಿಗೂ ಸೇರಿಸಿದರು. ಕ್ಲಬ್ಬು, ರೆಕಾರ್ಡು, ಟಿವಿ ಅಂತ ಹಾಡುತ್ತಲೇ ಇದ್ದರು. 1969ರಲ್ಲಿ ಒಂದು ಕೌಬಾಯ್ ಸಿನಿಮಾದಲ್ಲಿ ಕೊನೆಗೂ ಬಿಳಿ ಹೀರೋನನ್ನು ಮದುವೆಯಾದರು, ಬಣ್ಣದ ಮಾತೇ ಅದರಲ್ಲಿ ಬರುವುದಿಲ್ಲ. ಆಗ ಅವರಿಗೆ ಐವತ್ತೊಂದೋ ಐವತ್ತೆರಡೋ. 1978ರಲ್ಲಿ ‘ದ ವಿಜ್’ನಲ್ಲಿ ಒಳ್ಳೆ ಮಾಟಗಾತಿ. ಅದರ ನಿರ್ದೇಶಕ ಸಿಡ್ನಿ ಲ್ಯೂಮೆಟ್, ಆಕೆಯ ಮಗಳ ಗಂಡ.

1981ರಲ್ಲಿ, ಅರವತ್ತಮೂರನೇ ವಯಸ್ಸಿನಲ್ಲಿ, ಬ್ರಾಡ್‌ವೇಯಲ್ಲಿ ತಮ್ಮದೇ ಕಥೆ ಹೇಳುತ್ತಾ ಹಾಡಲು ನಿಂತರು. 333 ಆಟ! ನೂರು ದಿನ ಓಡಿದರೆ ನಾವು ಮಾಲೆ ಹಾಕುತ್ತೇವೆ. ಕೊನೆಯ ಆಟ 1982ರ ಜೂನ್ 30ಕ್ಕೆ, ಅರವತ್ತೈದನೇ ಹುಟ್ಟುಹಬ್ಬದ ದಿನ. 2010ರಲ್ಲಿ ತೀರಿಕೊಂಡರು. ನಾನು ನೋಡಿದ ಆ ಥಿಯೇಟರಿಗೆ ಹೆಸರಿಟ್ಟಿದ್ದು 2022ರಲ್ಲಿ. ಕಪ್ಪು ಹೆಂಗಸಿನ ಹೆಸರಿರುವ ಬ್ರಾಡ್‌ವೇ ಥಿಯೇಟರ್ ಇದೇ ಮೊದಲು.

ಒಂದು ತಮಾಷೆ ಏನು ಗೊತ್ತಾ ಮಾವ, ಆ ಎಂಜಿಎಂ ಸಿನಿಮಾಗಳನ್ನು ಈಗ ಪೂರ್ತಿ ನೋಡುವವರು ಕಮ್ಮಿ. ನಾನೂ ಒಂದೆರಡು ಹಾಕಿ, ಅರ್ಧ ಗಂಟೆಗೆ ಆಕಳಿಸಿದೆ. ಯೂಟ್ಯೂಬಿನಲ್ಲಿ ಜನ ಹುಡುಕಿ ನೋಡುವುದು ಲೀನಾ ಹಾಡಿದ ಆ ಮೂರು ನಿಮಿಷವನ್ನೇ. ಅದೂ ಕತ್ತರಿಸಿ ಹಾಕಿದ್ದು.

ಮಂಡಿನೋವಿಗೆ ಕಳಿಸಿದ ಮುಲಾಮು ತಲುಪಿತಾ? ಅತ್ತೆಗೆ ಸ್ವೆಟರ್ ಅಳತೆ ಕಳಿಸಲು ಹೇಳಿ. ದೀಪಾವಳಿಗೆ ಬರಲು ಆಗುವುದಿಲ್ಲ, ಯುಗಾದಿಗೆ ನೋಡುತ್ತೇನೆ. ಕೆಳಗಿನ ಮನೆ ಅಜ್ಜಿಗೆ ನಿಮ್ಮ ಬಗ್ಗೆ ಹೇಳಿದ್ದೇನೆ. ಕತ್ತರಿಸಿದ ಹಾಡನ್ನು ನಿಮ್ಮ ಮಾವ ಏನು ಮಾಡುತ್ತಿದ್ದರು ಅಂತ ಕೇಳಿದರು. ಆಟ ಆದ ಮೇಲೆ ವಾಪಸ್ ಅಂಟಿಸುತ್ತಿದ್ದರು ಅಂದೆ. ಅಜ್ಜಿ ಜೋರಾಗಿ ನಕ್ಕರು.

ಆದರೆ ಎಲ್ಲವನ್ನೂ ಅಂಟಿಸಿರಲಿಕ್ಕಿಲ್ಲ ಅಲ್ವಾ? ಅಟ್ಟದ ಮೇಲೆ ಒಂದು ಬಿಸ್ಕತ್ ಡಬ್ಬದ ತುಂಬಾ ಫಿಲಂ ತುಂಡುಗಳಿದ್ದವು. ಬಲ್ಬಿಗೆ ನೀರು ತುಂಬಿ, ಕನ್ನಡಿಯಲ್ಲಿ ಬಿಸಿಲು ಹಿಡಿದು, ನಿಮ್ಮ ಪಂಚೆಯ ಮೇಲೆ ನಾವು ಸಿನಿಮಾ ಬಿಡುತ್ತಿದ್ದೆವು. ಒಂದರಲ್ಲಿ ಬಾಯಿ ತೆರೆದ ಹೆಂಗಸೊಬ್ಬಳಿದ್ದಳು, ಹಾಡುತ್ತಿದ್ದಳೋ ಕೂಗುತ್ತಿದ್ದಳೋ ಗೊತ್ತಾಗುತ್ತಿರಲಿಲ್ಲ. ಆ ಡಬ್ಬ ಇನ್ನೂ ಇದೆಯಾ? ನೀವು ಏಣಿ ಹತ್ತಬೇಡಿ, ಪಕ್ಕದ ಮನೆ ಹುಡುಗನ ಕೈಲಿ ಇಳಿಸಿ. ಅವಳು ಯಾರು ಅಂತ ನೋಡಿ ಬರೆಯಿರಿ.

ಇಂತಿ ನಿಮ್ಮ
ಪುಟ್ಟಿ