ಮಾತ್ಸಾ ಬ್ರೈ ಮಾಡುವ ಮೊದಲು

ಮಂಗಳೂರು
ಮಾರ್ಚ್ 15

ಪ್ರೀತಿಯ ಮಗಳೇ,

ಮೊನ್ನೆ ಫೋನಿನಲ್ಲಿ ನೀನು ಕೇಳಿದ್ದಕ್ಕೆ ನಾನು ಸರಿಯಾಗಿ ಉತ್ತರ ಕೊಡಲಿಲ್ಲ. ಇತ್ತ ಕುಕ್ಕರ್ ಕೂಗುತ್ತಿತ್ತು, ಅತ್ತ ನಿನ್ನ ದೊಡ್ಡಪ್ಪ ಪಕ್ಕದಲ್ಲೇ ನಿಂತು "ಅಲ್ಲಿ ಇನ್ನೂ ಚಳಿಯಿದೆಯಾ ಕೇಳು" ಎಂದು ಪೀಡಿಸುತ್ತಿದ್ದರು. ಇಸ್ರೇಲಿನಲ್ಲಿ ನೀನು ನೋಡಿಕೊಳ್ಳುವ ಯೆಹೂದ್ಯ ಅಜ್ಜಿಗೆ ಪೆಸಹ್ ಹಬ್ಬದಲ್ಲಿ ಬೆಳಗಿನ ತಿಂಡಿಗೆ ಮಾತ್ಸಾ ಬ್ರೈ ಮಾಡಿಕೊಡಬೇಕಂತೆ, ಅದೇನು ದೊಡ್ಡಮ್ಮ ಎಂದೆ ನೀನು. ಮಾತ್ಸಾ ಎಂಬ ಹುಳಿಯಿಲ್ಲದ ರೊಟ್ಟಿಯನ್ನು ನೆನೆಸಿ ಮೊಟ್ಟೆ ಹಾಕಿ ಹುರಿಯುವುದು, ಅಷ್ಟೇ ಎಂದು ಹೇಳಿ ಫೋನ್ ಇಟ್ಟೆ. ಮಾಡುವುದು ಅಷ್ಟೇ ನಿಜ. ಆದರೆ ಇಸ್ರೇಲಿನ ರಮತ್ ಗಾನ್‌ನಲ್ಲಿ ಒಂಬತ್ತು ಪೆಸಹ್ ಹಬ್ಬ ಕಳೆದವಳು ನಾನು. ಮೊದಲನೆಯ ವರ್ಷ ಮಾಡಿಕೊಂಡ ಎಡವಟ್ಟು ನೆನಪಾದರೆ ಈಗಲೂ ಕಿವಿ ಬಿಸಿಯಾಗುತ್ತದೆ.

ಅದನ್ನೇ ಮೊದಲು ಹೇಳಿಬಿಡುತ್ತೇನೆ. ನಾನು ನೋಡಿಕೊಳ್ಳುತ್ತಿದ್ದ ಅಜ್ಜಿಯೂ ನಿನ್ನ ಅಜ್ಜಿಯ ಹಾಗೆ ಪೋಲೆಂಡಿನಲ್ಲಿ ಹುಟ್ಟಿದವರು. ಅವರ ಮಗಳು ಬ್ರೈ ಮಾಡುವುದನ್ನು ಒಮ್ಮೆ ತೋರಿಸಿಕೊಟ್ಟರು. ಉಪ್ಪು, ಮೊಟ್ಟೆ, ಬೆಣ್ಣೆ, ಮೇಲೊಂದಿಷ್ಟು ಕಾಳುಮೆಣಸಿನ ಪುಡಿ, ಮುಗಿಯಿತು. ಇಷ್ಟು ಸಪ್ಪೆ ತಿಂಡಿಯನ್ನು ಈ ಮುದುಕಿ ಹೇಗೆ ತಿನ್ನುತ್ತಾರಪ್ಪಾ ಎಂದು ನನಗೆ ಕನಿಕರ ಬಂತು. ಮರುದಿನ ಸಾಸಿವೆ, ಹಸಿಮೆಣಸು, ಒಂದು ಚಿಟಿಕೆ ಇಂಗು ಹಾಕಿ ನಮ್ಮ ಅವಲಕ್ಕಿಗೆ ಕೊಡುವ ಹಾಗೆಯೇ ಒಗ್ಗರಣೆ ಕೊಟ್ಟೆ. ಘಮ ಮೂಗಿಗೆ ಬಡಿದು ಮಗಳು ಅಡುಗೆಮನೆಗೆ ಬಂದರು. ಇಂಗಿನ ಡಬ್ಬಿಯನ್ನು ಎತ್ತಿ ತಿರುಗಿಸಿ ಓದಿದರು. ಎಷ್ಟೋ ವರ್ಷ ಅದೇ ಬಗೆಯ ಡಬ್ಬಿ ಬಳಸಿದ್ದ ನಾನು ಅದರ ಹಿಂಬದಿ ಓದಿದವಳೇ ಅಲ್ಲ. ಅಂಗಡಿಯಲ್ಲಿ ಸಿಗುವ ಇಂಗಿನ ಪುಡಿಯಲ್ಲಿ ಸಾಮಾನ್ಯವಾಗಿ ಗೋಧಿ ಹಿಟ್ಟು ಬೆರೆಸಿರುತ್ತಾರೆ, ಗೊತ್ತೇ ನಿನಗೆ? ಹಬ್ಬದಲ್ಲಿ ಅವರಿಗೆ ಅದು ಆಗದು. ಅವರು ಬೈಯಲಿಲ್ಲ. ಬಾಣಲೆ, ಸೌಟು, ತಟ್ಟೆ ಎಲ್ಲವನ್ನೂ ಒಂದು ಚೀಲಕ್ಕೆ ಹಾಕಿ ಗಂಟು ಬಿಗಿದು ಬಾಲ್ಕನಿಯಲ್ಲಿಟ್ಟರು. ಹಬ್ಬ ಮುಗಿಯುವವರೆಗೂ ಅದು ಅಲ್ಲೇ ಕೂತು ನನ್ನನ್ನು ನೋಡುತ್ತಿತ್ತು. ಅಜ್ಜಿ ಅಂದು ಒಣ ಮಾತ್ಸಾವನ್ನು ಕಾಫಿಗೆ ಅದ್ದಿಕೊಂಡು ತಿಂದರು.

ಹಾಗಾಗಿ, ಅಡುಗೆಯಲ್ಲಿ ನಿನ್ನ ಕೈಗುಣ ಎಷ್ಟೇ ಒಳ್ಳೆಯದಿರಲಿ, ಆ ಏಳು ದಿನ ಅದನ್ನು ಮಡಚಿಟ್ಟುಬಿಡು.

ನೀನು ಕೇಳಬಹುದು, ನಮ್ಮ ಚಪಾತಿಗೂ ಹುಳಿ ಹಾಕುವುದಿಲ್ಲವಲ್ಲ, ಅದು ಯಾಕೆ ಆಗುವುದಿಲ್ಲ ಎಂದು. ನನಗೂ ಅದು ತಲೆಗೆ ಹತ್ತಲು ಎರಡು ವರ್ಷ ಬೇಕಾಯಿತು. ಅವರ ಲೆಕ್ಕದಲ್ಲಿ ಹುಳಿಯೆಂದರೆ ಈಸ್ಟ್ ಹಾಕುವುದು ಮಾತ್ರವಲ್ಲ. ಗೋಧಿ, ಬಾರ್ಲಿ, ರೈ, ಓಟ್ಸ್, ಸ್ಪೆಲ್ಟ್ ಎಂಬ ಐದು ಧಾನ್ಯಗಳಲ್ಲಿ ಯಾವುದಕ್ಕೇ ನೀರು ತಾಗಿ 18 ನಿಮಿಷ ಸುಮ್ಮನೆ ಬಿಟ್ಟರೂ ಅದು ತಾನಾಗಿ ಹುಳಿಯತೊಡಗುತ್ತದೆ, ಅದು ಹಮೇತ್ಸ್, ಅಂದರೆ ಹಬ್ಬದಲ್ಲಿ ವರ್ಜ್ಯವಾದ ಹುಳಿಪದಾರ್ಥ. ನಾವು ಚಪಾತಿ ಹಿಟ್ಟನ್ನು ಕಲಸಿ, ಮೇಲೆ ಒದ್ದೆ ಬಟ್ಟೆ ಮುಚ್ಚಿ, ಅರ್ಧ ಗಂಟೆ ನೆನೆಯಲು ಬಿಟ್ಟು ಪಕ್ಕದ ಮನೆಯವರ ಜತೆ ಮಾತಿಗೆ ನಿಲ್ಲುತ್ತೇವಲ್ಲ, ಅಲ್ಲೇ ಕೆಟ್ಟಿತು. ಮಾತ್ಸಾಕ್ಕೆ ಹಿಟ್ಟು, ನೀರು ಬಿಟ್ಟರೆ ಬೇರೇನೂ ಇಲ್ಲ. ಆ ನೀರನ್ನೂ ಹಿಂದಿನ ಸಂಜೆಯೇ ತುಂಬಿಟ್ಟು ರಾತ್ರಿಯಿಡೀ ತಣಿಸಿರುತ್ತಾರೆ. ಕಲಸಿ, ಲಟ್ಟಿಸಿ, ಉಬ್ಬದ ಹಾಗೆ ಸಾಲು ಸಾಲು ತೂತು ಚುಚ್ಚಿ, ಆ 18 ನಿಮಿಷದೊಳಗೆ ಬೇಯಿಸಿ ಮುಗಿಸಬೇಕು. ಈಜಿಪ್ಟಿನಿಂದ ಹೊರಟವರಿಗೆ ಹಿಟ್ಟು ಹುಳಿಯುವಷ್ಟು ಪುರುಸೊತ್ತು ಇರಲಿಲ್ಲ ಎಂದು ನಾವು ಬೈಬಲಿನಲ್ಲಿ ಓದಿದ್ದು ಇದನ್ನೇ. ನಮ್ಮ ಬಲಿಪೂಜೆಯಲ್ಲಿ ಕೊಡುವ ಪರಮಪ್ರಸಾದದ ರೊಟ್ಟಿಗೂ ಹುಳಿಯಿಲ್ಲ; ಅಂದರೆ ಈ ಹಬ್ಬಕ್ಕೆ ನೀನು ತೀರಾ ಹೊರಗಿನವಳೇನಲ್ಲ.

ಆದರೂ ಕೇಳಿಯೇ ಮುಟ್ಟು. ಅಕ್ಕಿ, ಬೇಳೆ, ಕಡಲೆ, ಜೋಳ, ಸಾಸಿವೆ ಇವು ಆ ಐದರಲ್ಲಿ ಸೇರುವುದಿಲ್ಲ. ಆದರೂ ಪೋಲೆಂಡ್ ಕಡೆಯವರು ಹಬ್ಬದಲ್ಲಿ ಇವನ್ನು ತಿನ್ನುವುದಿಲ್ಲ, ಕಿತ್ನಿಯೋತ್ ಎಂದು ದೂರ ಇಡುತ್ತಾರೆ. ಇರಾಕ್ ಮೂಲದ ಮನೆಯಲ್ಲಿದ್ದ ನನ್ನ ಗೆಳತಿಗೆ ಮಾತ್ರ ಹಬ್ಬದಲ್ಲೂ ಅನ್ನ ಸಿಗುತ್ತಿತ್ತು. ಅಕ್ಕಿಯನ್ನು ಮೂರು ಸಲ ಕಾಳು ಕಾಳಾಗಿ ಆರಿಸುವ ಕೆಲಸ ಅವಳ ಪಾಲಿಗೆ ಬರುತ್ತಿತ್ತು ಎನ್ನುವುದು ಬೇರೆ ಮಾತು. ಎಣ್ಣೆಯಲ್ಲೂ ಇದೇ ಗೋಳು. ಸೋಯಾ, ಕನೋಲಾ ಎಣ್ಣೆಯ ಬಾಟಲಿಯ ಮೇಲೆ ಪೆಸಹ್‌ಗೆ ಕೋಶರ್, ಅಂದರೆ ಅವರ ಶಾಸ್ತ್ರಕ್ಕೆ ಸರಿ, ಎಂದಿರುತ್ತದೆ, ಅದರ ಕೆಳಗೇ ಸಣ್ಣ ಅಕ್ಷರದಲ್ಲಿ "ಕಿತ್ನಿಯೋತ್ ತಿನ್ನುವವರಿಗೆ ಮಾತ್ರ" ಎಂದೂ ಇರುತ್ತದೆ. ಹೀಬ್ರೂ ಓದಲು ನಿನಗೆ ಇನ್ನೂ ಸರಾಗವಿಲ್ಲ. ಅಜ್ಜಿಯ ಮಗಳ ಹತ್ತಿರ ಆ ಸಾಲನ್ನು ಒಮ್ಮೆ ತೋರಿಸಿಕೊಂಡು ಮೊಬೈಲಿನಲ್ಲಿ ಫೋಟೋ ತೆಗೆದಿಟ್ಟುಕೋ. ಬ್ರೈಗೆ ಬೆಣ್ಣೆಯೇ ಸಾಕು, ತಲೆನೋವಿಲ್ಲ. ಅವರಲ್ಲಿ ಹಾಲಿನ ಪಾತ್ರೆ ಬೇರೆ, ಮಾಂಸದ್ದು ಬೇರೆ; ಬೆಣ್ಣೆ ಹಾಕಿದ ಮೇಲೆ ಹಾಲಿನ ಕಡೆಯ ಬಾಣಲೆ, ಹಾಲಿನ ಕಡೆಯ ಸೌಟು; ಮಾಂಸದ ಕಡೆಯದನ್ನು ಮುಟ್ಟಬೇಡ. ಅದೂ ಪೆಸಹ್‌ಗೆಂದೇ ಮೇಲಿನ ಕಪಾಟಿನಿಂದ ಇಳಿಸಿದ್ದಾಗಿರಬೇಕು, ದಿನನಿತ್ಯದ್ದಲ್ಲ.

ಇನ್ನು ದಿನದ ಲೆಕ್ಕ. ಏಪ್ರಿಲ್ 1ರ ಬುಧವಾರ ರಾತ್ರಿ ಸೇದೆರ್, ಅಂದರೆ ಹಬ್ಬ ಶುರುವಾಗುವ ರಾತ್ರಿಯ ವಿಧಿಪೂರ್ವಕ ಊಟ. ಕೈ ಪಳಗಲಿ ಎಂದು ಬುಧವಾರ ಬೆಳಿಗ್ಗೆಯೇ ಬ್ರೈ ಮಾಡಿ ಅಜ್ಜಿಗೆ ಕೊಡಲು ಹೋಗಬೇಡ, ಅಂದು ಹಗಲು ಅವರು ಮಾತ್ಸಾ ತಿನ್ನುವಂತಿಲ್ಲ. ಸೇದೆರ್ ನಡುವೆ ಒಂದು ಮಾತ್ಸಾವನ್ನು ಎರಡು ತುಂಡು ಮಾಡಿ, ದೊಡ್ಡ ತುಂಡನ್ನು ಬಟ್ಟೆಯಲ್ಲಿ ಸುತ್ತಿ ಎಲ್ಲಾದರೂ ಬಚ್ಚಿಡುತ್ತಾರೆ. ನೀನು ಶುಚಿಮಾಡುವ ಭರದಲ್ಲಿ ಅದನ್ನು ಕಸಕ್ಕೆ ಹಾಕಿಬಿಟ್ಟೀಯೆ. ಅದನ್ನು ತಿನ್ನದೆ ಊಟ ಮುಗಿಯುವುದಿಲ್ಲ. ಗುರುವಾರ ಹಬ್ಬದ ಮೊದಲ ದಿನ. ಆ ದಿನ ಹೊಸದಾಗಿ ಬೆಂಕಿ ಹೊತ್ತಿಸುವುದಿಲ್ಲ. ಬೇಯಿಸಿಟ್ಟ ಮೊಟ್ಟೆ, ಬಿಳಿ ಚೀಸ್, ಮಾತ್ಸಾದ ಮೇಲೆ ಬೆಣ್ಣೆ, ಜಾಮ್, ಅಷ್ಟರಲ್ಲಿ ತಿಂಡಿ ಮುಗಿಸು. ಬ್ರೈ ಮಾಡಬೇಕಾದದ್ದು ಶುಕ್ರವಾರ ಬೆಳಿಗ್ಗೆ. ಶನಿವಾರ ಶಬ್ಬಾತ್, ಅವರ ವಿಶ್ರಾಂತಿಯ ದಿನ, ಮತ್ತೆ ಒಲೆಯಿಲ್ಲ. ಈ ಸಲ ಆ ಶುಕ್ರವಾರವೇ ನಮ್ಮ ಶುಭ ಶುಕ್ರವಾರ ಬಿದ್ದಿದೆ. ನಿನಗೆ ಉಪವಾಸ, ಅಜ್ಜಿಗೆ ಬೆಣ್ಣೆಯಲ್ಲಿ ಹುರಿದ ತಿಂಡಿ. ಬಾಯಲ್ಲಿ ನೀರೂರಿದರೆ ಅದನ್ನೂ ಒಪ್ಪಿಸಿಬಿಡು. ಗುರುವಾರ ಸಂಜೆ ಸ್ಟೆಲ್ಲಾ ಮಾರಿಸ್ ಚರ್ಚಿಗೆ ಹೋಗುವ ಮನಸ್ಸಿದ್ದರೆ ರಜೆಯನ್ನು ಈಗಲೇ ಕೇಳಿಡು. ಆ ವಾರ ಎಲ್ಲರಿಗೂ ರಜೆ ಬೇಕು.

ಈಗ ಮಾಡುವ ಬಗೆ. ಚೌಕಾಕಾರದ, ಯಂತ್ರದಲ್ಲಿ ಮಾಡಿದ ಮಾತ್ಸಾ ತೆಗೆದುಕೋ. ದುಂಡಗಿನ, ಅಲ್ಲಲ್ಲಿ ಕಪ್ಪಗೆ ಸುಟ್ಟ ಮಾತ್ಸಾ ಕೈಯಲ್ಲಿ ಲಟ್ಟಿಸಿದ್ದು. ದುಬಾರಿ, ಸೇದೆರ್‌ಗೆಂದು ತಂದಿಟ್ಟದ್ದು. ನೋಡಲು ನಮ್ಮ ರೊಟ್ಟಿಯ ಹಾಗೆ ಇದೆಯೆಂದು ಅದನ್ನು ಮುರಿಯಬೇಡ. ಒಂದು ಹಾಳೆಗೆ ಒಂದು ಮೊಟ್ಟೆ. ಅಜ್ಜಿಗೆ ಎರಡು ಹಾಳೆ, ಎರಡು ಮೊಟ್ಟೆ ಧಾರಾಳ.

ನೆನೆಸುವುದು ಗಟ್ಟಿ ಅವಲಕ್ಕಿಯ ಲೆಕ್ಕ ಎಂದುಕೋ, ನಿನಗೆ ತಟ್ಟನೆ ಹೊಳೆಯುತ್ತದೆ. ಹಪ್ಪಳ ಮುರಿದ ಹಾಗೆ ಎರಡೆರಡು ಬೆರಳಗಲ ಮುರಿ. ಬಟ್ಟಲಿನಲ್ಲಿ ಹಾಕಿ ಬಿಸಿನೀರು ಸುರಿದು ಹತ್ತು ಎಣಿಸು. ಅಂಚು ಬಾಗಬೇಕು, ನಡು ಇನ್ನೂ ಕೊಂಚ ಬಿಗಿಯಾಗಿರಬೇಕು. ತಕ್ಷಣ ಜರಡಿಗೆ ಸುರಿದು ಅಂಗೈಯಲ್ಲಿ ಮೆಲ್ಲನೆ ಒತ್ತು. ಹಿಂಡಲು ಹೋಗಬೇಡ, ಹಿಂಡಿದರೆ ಅಂಟು ಮುದ್ದೆಯಾಗುತ್ತದೆ. ಆದರೆ ನಿನ್ನ ಅಜ್ಜಿಗೆ ಕಟ್ಟಿಸಿದ ಹಲ್ಲು, ನುಂಗುವಾಗ ಕೆಮ್ಮು ಬರುತ್ತದೆ ಎಂದೆಯಲ್ಲ. ಹಾಗಿದ್ದರೆ ಹತ್ತು ಸಾಲದು. ನಡುವೂ ಪೂರಾ ಮೆತ್ತಗಾಗುವವರೆಗೆ ಬಿಡು, ರುಚಿ ಸ್ವಲ್ಪ ಕೆಟ್ಟರೂ ಚಿಂತೆಯಿಲ್ಲ. ಒಣ ಮಾತ್ಸಾದ ಚೂರು ಗಂಟಲಿನಲ್ಲಿ ಗರಗಸದ ಹಾಗೆ ನಿಲ್ಲುತ್ತದೆ. ಸೇದೆರ್ ರಾತ್ರಿಯೂ ಅವರ ಪಾಲಿನದನ್ನು ನೀರಿನಲ್ಲಿ ನೆನೆಸಿ ಕೊಡಬಹುದೇ ಎಂದು ಮಗಳನ್ನು ಕೇಳು. ಮುದುಕರಿಗೆ, ಕಾಯಿಲೆಯವರಿಗೆ ಅವರ ಶಾಸ್ತ್ರವೇ ಅದಕ್ಕೆ ಅನುಮತಿ ಕೊಡುತ್ತದೆ.

ಮೊಟ್ಟೆಯನ್ನು ಒಂದೊಂದಾಗಿ ಗಾಜಿನ ಲೋಟಕ್ಕೆ ಒಡೆದು ನೋಡು. ಕೆಂಪು ಚುಕ್ಕೆ ಕಂಡರೆ ಆ ಮೊಟ್ಟೆ ಚೆಲ್ಲಬೇಕು. ನೇರ ಬಟ್ಟಲಿಗೆ ಒಡೆದರೆ ಇನ್ನೊಂದು ಮೊಟ್ಟೆಯೂ ಹಾಳು. ಉಪ್ಪು ಹಾಕಿ ಕದಡಿ ಮಾತ್ಸಾ ಚೂರುಗಳನ್ನು ಸೇರಿಸಿ ಎರಡು ನಿಮಿಷ ಬಿಡು, ಹೀರಿಕೊಳ್ಳಲಿ. ಒಲೆಯ ಗುಂಡಿ ತಿರುಗಿಸುವುದಕ್ಕೆ ಅಜ್ಜಿಯನ್ನು ಕರೆ. ಕಟ್ಟುನಿಟ್ಟಿನ ಮನೆಗಳಲ್ಲಿ ಯೆಹೂದ್ಯರಲ್ಲದವರು ತಾವೊಬ್ಬರೇ ಬೇಯಿಸಿದ್ದನ್ನು ತಿನ್ನುವುದಿಲ್ಲ, ಬೆಂಕಿ ಯೆಹೂದ್ಯರ ಕೈಯಿಂದ ಹೊತ್ತಿರಬೇಕು. ನಿಮ್ಮ ಮನೆಯಲ್ಲಿ ಅಷ್ಟು ಇಲ್ಲದಿದ್ದರೂ ಕರೆ. ಗಾಲಿಕುರ್ಚಿಯಲ್ಲಿ ಕಿಟಕಿ ನೋಡುತ್ತಾ ಕೂತವರಿಗೆ ಅಷ್ಟಾದರೂ ಕೆಲಸ ಬೇಡವೇ? ಬೆಣ್ಣೆ ನೊರೆಯೆದ್ದು ಇಳಿದಾಗ ಸುರಿ. ಒಂದು ನಿಮಿಷ ಮುಟ್ಟಬೇಡ. ಆಮೇಲೆ ದೊಡ್ಡ ದೊಡ್ಡದಾಗಿ ಕೆದಕು, ಅಲ್ಲಲ್ಲಿ ಹೊಂಬಣ್ಣದ ಕಲೆ ಮೂಡಿದರೆ ಇಳಿಸು. ಕೆಲವರು ಆಮ್ಲೆಟ್‌ನ ಹಾಗೆ ಇಡಿಯಾಗಿ ಮಗುಚುತ್ತಾರೆ. ನನಗೆ ಒಂಬತ್ತು ವರ್ಷದಲ್ಲಿ ಒಂದು ಸಲವೂ ಮುರಿಯದೆ ಮಗುಚಲು ಬರಲಿಲ್ಲ, ಆದ್ದರಿಂದ ಕೆದಕುವುದೇ ಸರಿಯಾದ ಪದ್ಧತಿ ಎಂದು ನನ್ನ ತೀರ್ಮಾನ.

ಸಕ್ಕರೆಯೋ, ಕಾಳುಮೆಣಸಿನ ಪುಡಿಯೋ? ಇದನ್ನು ಒಲೆ ಹತ್ತಿಸುವ ಮೊದಲೇ ಕೇಳಬೇಕು, ಅದೂ ಮಗಳನ್ನಲ್ಲ, ಅಜ್ಜಿಯನ್ನೇ. ನನ್ನ ಅಜ್ಜಿಯ ಮಗಳು ತೋರಿಸಿಕೊಟ್ಟದ್ದು ಕಾಳುಮೆಣಸಿನ ಪುಡಿ ಉದುರಿಸುವ ಬಗೆ, ಏಕೆಂದರೆ ಅವರ ಗಂಡನ ಮನೆ ಲಿಥುವೇನಿಯಾ ಕಡೆಯದು. ಮೂರು ವರ್ಷ ನಾನು ಹಾಗೆಯೇ ಮಾಡಿ ಬಡಿಸಿದೆ, ಅಜ್ಜಿ ತಿಂದರು. ನಾಲ್ಕನೆಯ ವರ್ಷ ನಾನು ಬೆನ್ನು ತಿರುಗಿಸಿದ್ದಾಗ ಕಾಫಿಯ ಸಕ್ಕರೆ ಡಬ್ಬಿಯಿಂದ ಚಮಚ ಚಮಚ ತೆಗೆದು ತಟ್ಟೆಗೆ ಸುರಿದುಕೊಳ್ಳುತ್ತಿದ್ದರು. ನಾನು ನೋಡಿದೆನೆಂದು ಗೊತ್ತಾಗಿ ಮಗುವಿನ ಹಾಗೆ ಚಮಚವನ್ನು ಮಡಿಲಿನಲ್ಲಿ ಅಡಗಿಸಿದರು. ಅವರ ತಾಯಿ ಸಕ್ಕರೆ ಹಾಕುತ್ತಿದ್ದರಂತೆ. ಮೂರು ವರ್ಷ ಹೇಳಲಿಲ್ಲ ಯಾಕೆ ಎಂದರೆ, ನೀನು ಕೇಳಲಿಲ್ಲ ಎಂದರು.

ಮುಂದೆ ಎಂದಾದರೂ ಮನೆ ಬದಲಾದರೆ ಒಂದು ನೆನಪಿಟ್ಟುಕೋ. ಹಸೀದಿ ಎಂಬ ಕಟ್ಟಾ ಸಂಪ್ರದಾಯದ ಯೆಹೂದ್ಯರ ಮನೆಗಳಲ್ಲಿ ಹಲವರು ಪೆಸಹ್‌ನಲ್ಲಿ ಮಾತ್ಸಾಕ್ಕೆ ನೀರು ಸೋಕಿಸುವುದೇ ಇಲ್ಲ. ಎಲ್ಲೋ ಬೇಯದ ಹಿಟ್ಟು ಉಳಿದಿದ್ದರೆ ಹುಳಿಯುತ್ತದೆ ಎಂಬ ಭಯ. ಅಲ್ಲಿ ಬ್ರೈ ಮಾಡಲೇ ಎಂದು ಬಾಯಿ ತೆರೆಯುವುದೂ ಬೇಡ.

ಏಳು ದಿನ ಇದನ್ನೇ ತಿಂದರೆ ಹೊಟ್ಟೆ ಕಲ್ಲಾಗುತ್ತದೆ, ವಯಸ್ಸಾದವರಿಗಂತೂ ಹೇಳುವುದೇ ಬೇಡ. ಒಣ ಪ್ಲಮ್, ಒಣ ಏಪ್ರಿಕಾಟ್ ತಂದು ಸ್ವಲ್ಪ ನೀರಿನಲ್ಲಿ ಬೇಯಿಸಿ ಫ್ರಿಜ್ಜಿನಲ್ಲಿಡು, ದಿನವೂ ಊಟದ ಮೇಲೆ ಅರ್ಧ ಬಟ್ಟಲು ಕೊಡು. ಅಜ್ಜಿಗೆ ಸಕ್ಕರೆ ಕಾಯಿಲೆ ಇದ್ದರೆ ಮಗಳನ್ನು ಕೇಳಿ ಅಳತೆ ತಿಳಿದುಕೋ. ಇವನ್ನೆಲ್ಲ ಮಂಗಳವಾರವೇ ತಂದಿಡು. ಬುಧವಾರ ಅಂಗಡಿಗಳು ಬೇಗ ಮುಚ್ಚುತ್ತವೆ, ಸೂಪರ್‌ಮಾರ್ಕೆಟ್ಟಿನಲ್ಲಿ ಅರ್ಧ ಸಾಲುಗಳಿಗೆ ಪ್ಲಾಸ್ಟಿಕ್ ಹಾಳೆ ಹೊದಿಸಿರುತ್ತಾರೆ. ಅದರ ಹಿಂದಿರುವ ಪಾಸ್ತಾವನ್ನು ಎಳೆಯಲು ಹೋಗಬೇಡ, ನಾನು ಹೋಗಿದ್ದೆ. ನಿನ್ನ ಹೊಟ್ಟೆಗೆ ಆ ವಾರ ಆಲೂಗಡ್ಡೆಯೇ ಗತಿ.

ನೀನು ಬರುವಾಗ ಒಂದು ಪೆಟ್ಟಿಗೆ ಮಾತ್ಸಾ ತಂದರೆ ನಿನ್ನ ದೊಡ್ಡಪ್ಪನಿಗೆ ಸಂತೋಷ. "ಉಪ್ಪಿಲ್ಲದ ಬಿಸ್ಕತ್ತು" ಎಂದು ಗೊಣಗುತ್ತಾ ಒಂದೇ ಸಂಜೆಯಲ್ಲಿ ಕಾಲು ಪೆಟ್ಟಿಗೆ ಮುಗಿಸುತ್ತಿದ್ದರು.

ಇನ್ನೊಂದು ಮಾತು. ನೀನು ಹೊರಡುವಾಗ ನಿನ್ನ ಅಮ್ಮ ಕಟ್ಟಿದ ಸಾಮಾನಿನಲ್ಲಿ, ಸಾರಿನ ಪುಡಿಯ ಡಬ್ಬಿಯ ಪಕ್ಕ, ಒಂದು ಇಂಗಿನ ಡಬ್ಬಿ ಇದೆ. ಇಟ್ಟವಳು ನಾನೇ. ಮಂಗಳವಾರದೊಳಗೆ ಅದನ್ನು ಮಗಳಿಗೆ ತೋರಿಸಿ ಎಲ್ಲಿಡಬೇಕೆಂದು ಕೇಳು.

ಇಂತಿ,
ನಿನ್ನ ದೊಡ್ಡಮ್ಮ