ಲೂಯೀಸ್ ಫಾರಾಂಕ್ ಬರೀ 'ಪತ್ನಿ'ಯೇ?

ಮಾನ್ಯ ಸಂಪಾದಕರೇ,

ನಮ್ಮ ಬಡಾವಣೆಯ ಸಭಾಂಗಣದಲ್ಲಿ ಭಾನುವಾರ ನಡೆದ ಪಿಯಾನೋ ಕಾರ್ಯಕ್ರಮದ ವರದಿ ಇವತ್ತಿನ ಪತ್ರಿಕೆಯಲ್ಲಿ ಬಂದಿದೆ. ಅತಿಥಿಗಳು ದೀಪ ಹಚ್ಚುವ ಫೋಟೊ ದೊಡ್ಡದಾಗಿದೆ. ಅವರ ಭಾಷಣವೂ ಪೂರ್ತಿ ಇದೆ. ಯಾರ ಸಂಗೀತಕ್ಕೆಂದು ಎಲ್ಲರೂ ಸೇರಿದ್ದರೋ ಆ ಸಂಗೀತ ರಚನಕಾರ್ತಿ ಲೂಯೀಸ್ ಫಾರಾಂಕ್‌ಗೆ ಒಂದೇ ಸಾಲು, 'ಫ್ರಾನ್ಸಿನ ಸಂಗೀತ ಪ್ರಕಾಶಕರೊಬ್ಬರ ಪತ್ನಿ'. ಓದಿ ಮೈ ಉರಿಯಿತು.

ಲೂಯೀಸ್ ಫಾರಾಂಕ್ 1804ರಲ್ಲಿ ಪ್ಯಾರಿಸ್ಸಿನ ಶಿಲ್ಪಿಗಳ ಮನೆಯಲ್ಲಿ ಹುಟ್ಟಿದವರು. ಸಂಗೀತ ರಚನಕಾರ ಆಂಟನ್ ರೈಖಾ ಬಳಿ ಸಂಗೀತ ರಚನೆ ಕಲಿತರು. 3 ಸಿಂಫನಿ, ಅಂದರೆ ಇಡೀ ವಾದ್ಯವೃಂದ ನುಡಿಸುವ ದೊಡ್ಡ ರಚನೆಗಳನ್ನು, ಬರೆದರು. ಮೂರನೆಯದನ್ನು 1849ರಲ್ಲಿ ಪ್ಯಾರಿಸ್ ಕನ್ಸರ್ವೇಟರಿಯ, ಅಂದರೆ ಅಲ್ಲಿನ ಸಂಗೀತ ಶಾಲೆಯ, ಹೆಸರಾಂತ ವಾದ್ಯವೃಂದವೇ ನುಡಿಸಿತು. ಅವರ 30 ಎತ್ಯೂಡ್‌ಗಳನ್ನು, ಅಂದರೆ ಬೆರಳಿನ ಅಭ್ಯಾಸದ ರಚನೆಗಳನ್ನು, ಅದೇ ಕನ್ಸರ್ವೇಟರಿ 1845ರಲ್ಲಿ ಪಠ್ಯವಾಗಿ ಇಟ್ಟುಕೊಂಡಿತು. ಹೌದು, ಗಂಡ ಅರಿಸ್ತೀದ್ ಪ್ರಕಾಶಕರು, ಕೊಳಲುವಾದಕರು. ಒಳ್ಳೆಯ ಮನುಷ್ಯ, ಹೆಂಡತಿಯ ರಚನೆಗಳನ್ನು ತಾವೇ ಅಚ್ಚು ಹಾಕಿಸಿದರು. ಹಾಗಂತ ಆಕೆಯ ಬದುಕೆಲ್ಲ ಅಷ್ಟೇನಾ?

1842ರಿಂದ 30 ವರ್ಷ ಆಕೆ ಕನ್ಸರ್ವೇಟರಿಯಲ್ಲಿ ಪಿಯಾನೋ ಪ್ರೊಫೆಸರ್. ಪಾಠ ಮಾತ್ರ ಹುಡುಗಿಯರ ತರಗತಿಗೆ. ಸಂಬಳ ಗಂಡಸರಿಗಿಂತ ಕಡಿಮೆ. 1850ರಲ್ಲಿ ಅವರ ನೊನೆಟ್, ಒಂಬತ್ತು ವಾದ್ಯಗಳ ರಚನೆ, ಭಾರೀ ಮೆಚ್ಚುಗೆ ಗಳಿಸಿತು. ಪಿಟೀಲು ಹಿಡಿದವನು ಆಗಿನ್ನೂ ಹದಿಹರೆಯದ ಜೋಸೆಫ್ ಯೋಆಕಿಮ್, ಮುಂದೆ ಹೆಸರಾಂತ ಪಿಟೀಲುವಾದಕನಾದವನು. ಅದೇ ವರ್ಷ ಆಕೆ ಕನ್ಸರ್ವೇಟರಿಯ ನಿರ್ದೇಶಕ ಓಬೇರ್ ಅವರಿಗೆ ಪತ್ರ ಬರೆದು, ಗಂಡಸರಿಗೆ ಕೊಡುವಷ್ಟೇ ನನಗೂ ಕೊಡಿ ಎಂದು ಕೇಳಿದರು. ಕೊಡಿಸಿಕೊಂಡರು ಕೂಡ. ಮನೆಯಲ್ಲಿ ಪಾಠ ಹೇಳಿ ತಿಂಗಳ ಫೀಸಿಗೂ ಎರಡೆರಡು ಸಲ ನೆನಪಿಸಬೇಕಾದ ನನ್ನಂಥವಳಿಗೆ ಆ ಪತ್ರದ ಬೆಲೆ ಗೊತ್ತು.

1859ರಲ್ಲಿ ಮಗಳು ವಿಕ್ತೋರಿನ್ ತೀರಿಕೊಂಡಳು. ಆಕೆಯೂ ಪಿಯಾನಿಸ್ಟ್, ಅಮ್ಮನದೇ ಶಿಷ್ಯೆ. ಆಮೇಲೆ ತಾಯಿ ಹೊಸದಾಗಿ ಬರೆಯುವುದನ್ನೇ ಹೆಚ್ಚುಕಡಿಮೆ ಬಿಟ್ಟರು. ಪಾಠ ಮಾತ್ರ ಬಿಡಲಿಲ್ಲ. ಗಂಡನ ಜೊತೆ ಶುರು ಮಾಡಿದ್ದ ಪಿಯಾನೋದಂಥ ಕೀ ಒತ್ತಿ ನುಡಿಸುವ ವಾದ್ಯಗಳ ಹಳೆಯ ಸಂಗೀತದ ಸಂಪುಟಗಳನ್ನು, 1865ರಲ್ಲಿ ಗಂಡ ಹೋದ ಮೇಲೂ ಒಬ್ಬರೇ ಮುಂದುವರಿಸಿ ಮುಗಿಸಿದರು. ಒಟ್ಟು 23 ಸಂಪುಟ. ಇಷ್ಟೂ ನಾನು ನಿಮ್ಮ ವರದಿಗಾರರ ಕೈಗೆ ಒಂದು ಹಾಳೆಯಲ್ಲಿ ಬರೆದು ಕೊಟ್ಟಿದ್ದೆ.

ಇನ್ನು ಸಭಾಂಗಣದ ಕಥೆ. ನನ್ನ ಶಿಷ್ಯೆ, ಆರನೇ ಕ್ಲಾಸಿನ ಹುಡುಗಿ, ಫಾರಾಂಕರ ಎತ್ಯೂಡ್ ಅರ್ಧ ನುಡಿಸಿದ್ದಳು. ತಿಂಗಳುಗಟ್ಟಲೆ ಕೂತು ಕಲಿತದ್ದು. ಅಷ್ಟರಲ್ಲಿ ಮೈಕಿನಲ್ಲಿ, 'ಅತಿಥಿಗಳು ಬಂದಿದ್ದಾರೆ, ಸ್ವಲ್ಪ ನಿಲ್ಲಿಸಮ್ಮ' ಎಂದರು. ಮಗು ಕೈ ಎತ್ತಿ ತೊಡೆಯ ಮೇಲೆ ಇಟ್ಟುಕೊಂಡು ನನ್ನ ಮುಖ ನೋಡಿತು. ಪಿಯಾನೋ ಮುಚ್ಚಳ ಹಾಕಿದರು. ಅದರ ಮೇಲೆ ಹಾರ, ಹಣ್ಣಿನ ಬುಟ್ಟಿ, ನೀರಿನ ಬಾಟಲಿ. ಅತಿಥಿಗಳು ಬಂದದ್ದೇ ತಡವಾಗಿ. ಶಾಲು ಹೊದಿಸುವುದಕ್ಕೆ ಎಷ್ಟು ಹೊತ್ತು ಬೇಕಾದರೂ ಇತ್ತು. ಮಗುವಿನ ಉಳಿದರ್ಧ ಎತ್ಯೂಡ್‌ಗೆ ಹೊತ್ತು ಇರಲಿಲ್ಲ, ಬೀಗ ಹಾಕಬೇಕು ಎಂದರು. ಆಟೋ ಸಿಗದೆ ಮಳೆಯಲ್ಲಿ ಮಕ್ಕಳನ್ನು ಕರೆದುಕೊಂಡು ನಿಂತಿದ್ದೆವು. ಮುಂದಿನ ಬೀದಿದೀಪ ಎಂದಿನಂತೆ ಆರಿತ್ತು.

ಆ ಪಿಯಾನೋ ಆದರೂ ಹೇಗಿದೆ? ಮಧ್ಯದ ಎಫ್ ಕೀ ಒತ್ತಿದರೆ ಮೇಲೆ ಬರುವುದಿಲ್ಲ. ಒಳಗಿನ ಫೆಲ್ಟ್ ಇಲಿ ಕಡಿದಿದೆ. ಸೂರು ಸೋರಿ ತಂತಿಗಳು ತುಕ್ಕು ಹಿಡಿದಿವೆ. ಅರ್ಜಿ ಕೊಟ್ಟರೆ, ಪಿಯಾನೋ ನಮ್ಮ ಲೆಕ್ಕದಲ್ಲಿಲ್ಲ ಮೇಡಂ ಎನ್ನುತ್ತಾರೆ. ಹಾಗಾದರೆ ಬಾಡಿಗೆಯಲ್ಲಿ ಅದರ ಹೆಸರಿಗೆ ದುಡ್ಡು ಹಿಡಿದದ್ದು ಯಾವ ಲೆಕ್ಕ? ಠೇವಣಿ ವಾಪಸ್ ಕೇಳಿದರೆ ಸಾಹೇಬರು ಮೀಟಿಂಗಿನಲ್ಲಿ. ಶೌಚಾಲಯಕ್ಕೆ ನೀರಿಲ್ಲ ಎಂದು ಹೋದ ವರ್ಷವೇ ಹೇಳಿದ್ದೆವು. ಫುಟ್‌ಪಾತ್ ಅಗೆದವರು ಮುಚ್ಚಲೇ ಇಲ್ಲ. ಯಾರನ್ನು ಕೇಳಿದರೂ ಇನ್ನೊಬ್ಬರ ಕಡೆ ಕೈ ತೋರಿಸುತ್ತಾರೆ. ನಾಚಿಕೆ ಆಗಬೇಕು.

ನೀವು ಫಾರಾಂಕರ ಬಗ್ಗೆ ಸರಿಯಾದ ಲೇಖನ ಹಾಕಿ, ಫೋಟೊ ಸಮೇತ. ಸಭಾಂಗಣದವರು ಪಿಯಾನೋ ರಿಪೇರಿ ಮಾಡಿಸಲಿ, ಇಲ್ಲವೇ ನಮ್ಮ ದುಡ್ಡು ವಾಪಸ್ ಕೊಡಲಿ. ಎರಡೂ ಮಾಡಿದರೆ ಇನ್ನೂ ಒಳ್ಳೆಯದು. ಆ ಹುಡುಗಿಗೆ ಪೂರ್ತಿ ನುಡಿಸಲು ಇನ್ನೊಂದು ಸಂಜೆಯೂ ಬೇಕು. ಸಂಬಂಧಪಟ್ಟವರು ಇನ್ನಾದರೂ ಎದ್ದು ಸ್ವಲ್ಪ ಕೆಲಸ ಮಾಡಲಿ.

— ಒಬ್ಬ ಪಿಯಾನೋ ಟೀಚರ್, ಬೆಂಗಳೂರು